ಒಲಿಂಪಸ್‌ನ ಹನ್ನೆರಡು ಮಂದಿ: ಯಾವ ಊರಿನ ಪಟ್ಟಿ?

ದಾವಣಗೆರೆಯ ಓದುಗರೊಬ್ಬರು ಬರೆದಿದ್ದಾರೆ. ಹೆಸರು ಹಾಕಬೇಡಿ ಎಂದಿದ್ದಾರೆ.

"ಮಗಳ ಕ್ವಿಜ್‌ನಲ್ಲಿ ಗ್ರೀಕರ ಒಲಿಂಪಸ್ ಬೆಟ್ಟದ ಹನ್ನೆರಡು ದೇವರ ಹೆಸರು ಕೇಳಿದ್ದರು. ಅವಳು ಕೊನೆಯ ಹೆಸರು ಮದ್ಯದ ದೇವರು ಡಿಯೊನೈಸಸ್ ಎಂದು ಬರೆದಳು. ಅಲ್ಲಿ ಹೆಸ್ಟಿಯಾ ಇರಬೇಕಿತ್ತು ಅಂತ ಅಂಕ ಕತ್ತರಿಸಿದರು. ಯಾರದು ಸರಿ? ಪ್ರೇಮದೇವಿ ಅಫ್ರೋಡೈಟಿ ಸಮುದ್ರದ ನೊರೆಯಲ್ಲಿ ಹುಟ್ಟಿದಳು ಎಂದು ಒಂದು ಪುಸ್ತಕ ಹೇಳುತ್ತದೆ, ದೇವರ ರಾಜ ಜ್ಯೂಸ್‌ನ ಮಗಳು ಎಂದು ಇನ್ನೊಂದು. ಅದಿರಲಿ, ಹೊಟ್ಟೆಕಿಚ್ಚು, ಹಾದರ, ಜಗಳದಲ್ಲೇ ಮುಳುಗಿರುವ ಈ ದೇವರಿಗೆ ಆ ಜನ ನಿಜವಾಗ್ಲೂ ಕೈ ಮುಗಿಯುತ್ತಿದ್ದರಾ? ಕೊನೆಗೆ ಇನ್ನೊಂದು: ಹಳೇ ಗ್ರೀಕ್ ನಾಟಕವೊಂದರಲ್ಲಿ ಕನ್ನಡ ಮಾತು ಇದೆಯಂತೆ, ಹೌದಾ?"

ಸಂಪಾದಕರ ಉತ್ತರ:

ನಿಮ್ಮ ಮಗಳು ಬರೆದದ್ದು ಸರಿ. ಅಂಕ ಕತ್ತರಿಸಿದವರ ಹೆಸ್ಟಿಯಾ ಕೂಡ ಸರಿ. ಕೇಳಿದ ಪ್ರಶ್ನೆಯೇ ಅರ್ಧಂಬರ್ಧ. ಗ್ರೀಕ್ ದೇವರ ಬಗ್ಗೆ ಯಾರಾದರೂ ಏನಾದರೂ ಕೇಳಿದರೆ, 'ಯಾವ ಊರಲ್ಲಿ?' ಎಂದು ಮೊದಲು ನಾವೇ ತಿರುಗಿ ಕೇಳಬೇಕು. ಆಗ ಗ್ರೀಸ್ ಅಂತ ಒಂದು ದೇಶ ಇರಲಿಲ್ಲ. ಇದ್ದದ್ದು ನೂರಾರು ನಗರರಾಜ್ಯಗಳು. ಎಲ್ಲರಿಗೂ ಒಂದೇ ಧರ್ಮಗ್ರಂಥ ಇರಲಿಲ್ಲ, ಎಲ್ಲರ ಮೇಲೆ ಒಬ್ಬ ಮಹಾಗುರುವೂ ಇರಲಿಲ್ಲ. ಯಾವ ದೇವರಿಗೆ ಯಾವ ದಿನ ಏನು ಬಲಿ ಕೊಡಬೇಕು ಅನ್ನುವುದನ್ನು ಆಯಾ ಊರೇ ತೀರ್ಮಾನಿಸುತ್ತಿತ್ತು.

ಹನ್ನೆರಡು ಎಂಬ ಲೆಕ್ಕ ಮಾತ್ರ ಹಳೆಯದೇ. ಅಥೆನ್ಸಿನ ಪೇಟೆ ಬಯಲಿನಲ್ಲಿ ಹನ್ನೆರಡು ದೇವರ ಬಲಿಪೀಠ ಇತ್ತು. ಕ್ರಿ.ಪೂ. 522ರ ಸುಮಾರಿಗೆ ಕಟ್ಟಿದ್ದು. ಊರಿಂದ ಊರಿಗಿರುವ ದೂರವನ್ನು ಅಲ್ಲಿಂದಲೇ ಅಳೆಯುತ್ತಿದ್ದರು. ಜೀವಭಯ ಇದ್ದವರು ಓಡಿಬಂದು ಅಲ್ಲೇ ಕೂರುತ್ತಿದ್ದರು, ಕೂತವರನ್ನು ಮುಟ್ಟುವಂತಿರಲಿಲ್ಲ. ಈಗ ಅದರ ಬಹುಭಾಗ ಅಥೆನ್ಸ್-ಪಿರೇಯಸ್ ರೈಲು ಹಳಿಯ ಅಡಿ ಸಿಕ್ಕಿಹಾಕಿಕೊಂಡಿದೆ.

ಇನ್ನು ಹೆಸರುಗಳು. ಅಥೆನ್ಸಿನ ಪಾರ್ಥೆನಾನ್ ದೇವಾಲಯದ ಪೂರ್ವದ ಗೋಡೆಯ ಮೇಲ್ಭಾಗದಲ್ಲಿ ಹನ್ನೆರಡು ದೇವರು ಸಾಲಾಗಿ ಕೂತಿರುವ ಕೆತ್ತನೆ ಇತ್ತು. ಅದರ ಬಹುಪಾಲು ಈಗ ಲಂಡನ್ನಿನಲ್ಲಿದೆ. ಆ ಸಾಲಿನಲ್ಲಿ ಡಿಯೊನೈಸಸ್ ಇದ್ದಾನೆ, ಹೆಸ್ಟಿಯಾ ಇಲ್ಲ. ಆದರೆ ಅದೇ ಅಥೆನ್ಸಿನ ತತ್ವಜ್ಞಾನಿ ಪ್ಲೇಟೋ ಒಂದು ಕಡೆ ದೇವರ ಮೆರವಣಿಗೆಯನ್ನು ಬಣ್ಣಿಸುತ್ತಾನೆ. ಜ್ಯೂಸ್ ರಥ ಹೊಡೆದುಕೊಂಡು ಮುಂದೆ ಹೋಗುತ್ತಾನೆ, ಉಳಿದವರು ಹನ್ನೊಂದು ತಂಡವಾಗಿ ಹೊರಡುತ್ತಾರೆ, ಹೆಸ್ಟಿಯಾ ಒಬ್ಬಳೇ ಮನೆಯಲ್ಲಿ ಉಳಿಯುತ್ತಾಳೆ. ಒಲೆಯ ದೇವಿ ಮನೆ ಬಿಟ್ಟು ಎಲ್ಲಿ ಹೋಗಬೇಕು, ಅಲ್ವಾ? ಅಂದರೆ ಅವನ ಲೆಕ್ಕದ ಹನ್ನೆರಡರಲ್ಲಿ ಅವಳು ಇದ್ದಾಳೆ.

ಒಲಿಂಪಿಕ್ ಆಟ ನಡೆಯುತ್ತಿದ್ದ ಒಲಿಂಪಿಯಾದಲ್ಲಂತೂ ಪಟ್ಟಿಯೇ ಬೇರೆ. ಅಲ್ಲಿ ಆರು ಬಲಿಪೀಠ, ಒಂದೊಂದರಲ್ಲಿ ಇಬ್ಬರಿಗೆ ಪೂಜೆ. ಜ್ಯೂಸ್, ಪೊಸೈಡನ್, ಹೇರಾ, ಅಥೀನಾ ಇದ್ದಾರೆ, ಡಿಯೊನೈಸಸ್ ಕೂಡ ಇದ್ದಾನೆ. ಜೊತೆಗೆ ಜ್ಯೂಸ್‌ನ ಅಪ್ಪ ಅಮ್ಮ, ಕ್ರೋನಸ್ ಮತ್ತು ರಿಯಾ. ಆರ್ಟೆಮಿಸ್‌ಳ ಪಕ್ಕದಲ್ಲಿ ಆಲ್ಫಿಯಸ್. ಯಾರಿವನು ಅಂತೀರಾ? ಆ ಊರಿನ ಪಕ್ಕ ಹರಿಯುವ ಹೊಳೆ! ಅಫ್ರೋಡೈಟಿಗೆ ಅಲ್ಲಿ ಜಾಗವೇ ಇಲ್ಲ. ಕ್ವಿಜ್‌ನಲ್ಲಿ ಯಾರಾದರೂ ಆಲ್ಫಿಯಸ್ ಎಂದು ಬರೆದಿದ್ದರೆ ಪೂರ್ತಿ ಸೊನ್ನೆ ಬೀಳುತ್ತಿತ್ತೋ ಏನೋ. ಡಿಯೊನೈಸಸ್‌ಗೆ ಹೆಸ್ಟಿಯಾ ತನ್ನ ಕುರ್ಚಿ ಬಿಟ್ಟುಕೊಟ್ಟಳು ಅನ್ನೋ ಕಥೆ ಈಚಿನ ಪುಸ್ತಕಗಳಲ್ಲಿ ಜಾಸ್ತಿ ಓಡಾಡುತ್ತಿದೆ. ಹಳೆಯ ಗ್ರೀಕ್ ಕೃತಿಗಳಲ್ಲಿ ಅದು ಸಿಗುವುದಿಲ್ಲ.

ಅಫ್ರೋಡೈಟಿಯದೂ ಇದೇ ಕಥೆ. ನೊರೆಯ ಕಥೆ ಹೇಳಿದವನು ಹಳೆಯ ಗ್ರೀಕ್ ಕವಿ ಹೆಸಿಯೋಡ್. ಕ್ರೋನಸ್ ತನ್ನ ಅಪ್ಪ ಆಕಾಶದ ಜನನಾಂಗವನ್ನು ಕುಡುಗೋಲಿನಿಂದ ಕತ್ತರಿಸಿ ಕಡಲಿಗೆ ಎಸೆಯುತ್ತಾನೆ. ಅದರ ಸುತ್ತ ಏಳುವ ನೊರೆಯಲ್ಲಿ ದೇವಿ ಹುಟ್ಟಿ, ತೇಲಿ ಬಂದು ಸೈಪ್ರಸ್‌ನಲ್ಲಿ ದಡ ಹತ್ತುತ್ತಾಳೆ. ಸೈಪ್ರಸ್ ದ್ವೀಪದ ಪಾಫೋಸ್‌ನಲ್ಲೇ ಅವಳ ದೊಡ್ಡ ಗುಡಿ ಇತ್ತು. ಒಳಗೆ ಸುಂದರಿಯ ಮೂರ್ತಿ ಇತ್ತು ಅಂದುಕೊಳ್ಳಬೇಡಿ. ಮೇಲೆ ಮೇಲೆ ಸಣ್ಣದಾಗುತ್ತಾ ಹೋಗುವ ಒಂದು ಕಲ್ಲಿಗೆ ಪೂಜೆ ನಡೆಯುತ್ತಿತ್ತು.

ಹೋಮರನ ಇಲಿಯಡ್‌ನಲ್ಲಿ ಅವಳು ಜ್ಯೂಸ್ ಮತ್ತು ಡಯೊನಿಯ ಮಗಳು. ಟ್ರಾಯ್ ಯುದ್ಧದಲ್ಲಿ ಮಗ ಈನಿಯಸ್‌ನನ್ನು ಎತ್ತಿಕೊಂಡು ಹೋಗುವಾಗ ಗ್ರೀಕ್ ವೀರ ಡಯೊಮಿಡೀಸ್ ಅವಳ ಮಣಿಕಟ್ಟಿಗೆ ಈಟಿ ಚುಚ್ಚುತ್ತಾನೆ. ಅವಳು ಚೀರಿ ಮಗನನ್ನು ಕೈಬಿಡುತ್ತಾಳೆ. ಯುದ್ಧದೇವರು ಏರೀಸ್‌ನ ರಥ ಕೇಳಿ ಪಡೆದು, ಒಲಿಂಪಸ್‌ಗೆ ಹೋಗಿ ಅಮ್ಮನ ಮಡಿಲಿಗೆ ಬೀಳುತ್ತಾಳೆ. 'ಮನುಷ್ಯರ ಕೈಲಿ ನೋವು ತಿಂದ ದೇವರು ನೀನೊಬ್ಬಳೇ ಏನು?' ಎಂಬ ಧಾಟಿಯಲ್ಲಿ ಅಮ್ಮ ಹಳೆಯ ಕಥೆಗಳನ್ನು ಹೇಳುತ್ತಾ ಗಾಯ ಒರೆಸುತ್ತಾಳೆ. ಈ ಅಮ್ಮ ಎಲ್ಲಿಯವಳು? ಗ್ರೀಸಿನ ವಾಯವ್ಯಕ್ಕೆ ಡೊಡೊನಾ ಎಂಬ ಕ್ಷೇತ್ರ ಇದೆ. ಓಕ್ ಮರದ ಮೂಲಕ ಜ್ಯೂಸ್ ಭವಿಷ್ಯ ನುಡಿಯುತ್ತಾನೆ ಎಂದು ನಂಬಿದ್ದ ಜಾಗ. ಅಲ್ಲಿ ಅವನ ಜೊತೆ ಪೂಜೆ ಹೆಂಡತಿ ಹೇರಾಗಲ್ಲ, ಡಯೊನಿಗೆ.

ನಿಮ್ಮ ಮೂರನೆಯ ಪ್ರಶ್ನೆ ನನಗೆ ಜಾಸ್ತಿ ಹಿಡಿಸಿತು. ಅದನ್ನು ಗ್ರೀಕರೇ ಕೇಳಿದ್ದರು. ಮನುಷ್ಯರಲ್ಲಿ ನಾಚಿಕೆಗೇಡು ಅನ್ನಿಸುವ ಕಳ್ಳತನ, ಹಾದರ, ಮೋಸ ಎಲ್ಲವನ್ನೂ ಹೋಮರ್ ಮತ್ತು ಹೆಸಿಯೋಡ್ ದೇವರ ತಲೆಗೆ ಕಟ್ಟಿದ್ದಾರೆ ಎಂದು ಕ್ರಿ.ಪೂ. 6ನೇ ಶತಮಾನದಲ್ಲೇ ಕ್ಸೆನೊಫೇನೀಸ್ ಎಂಬ ಚಿಂತಕ ರೇಗಿದ್ದ. ಎತ್ತಿಗೂ ಕುದುರೆಗೂ ಕೈ ಇದ್ದಿದ್ದರೆ ಅವೂ ತಮ್ಮಂಥದ್ದೇ ದೇವರ ಚಿತ್ರ ಬರೆಯುತ್ತಿದ್ದವು ಎಂದವನೂ ಅವನೇ. ಪ್ಲೇಟೋ ಇಂಥ ಕಥೆಗಳನ್ನು ಮಕ್ಕಳಿಗೆ ಹೇಳಲೇಬಾರದು ಎಂದ. ಆದರೂ ಪೂಜೆ ನಿಲ್ಲಲಿಲ್ಲ. ಯಾಕೆಂದರೆ ಕಥೆ ಕವಿಗಳ ಕೈಲಿತ್ತು, ಪೂಜೆ ಊರಿನ ಕೈಲಿತ್ತು. ಎರಡಕ್ಕೂ ನಂಟಿತ್ತು, ಆದರೆ ಒಂದು ಇನ್ನೊಂದರ ಮಾತು ಕೇಳುತ್ತಿರಲಿಲ್ಲ.

ಅರಿಸ್ಟೊಫೇನೀಸ್ ಕ್ರಿ.ಪೂ. 405ರಲ್ಲಿ ಒಂದು ಹಾಸ್ಯ ನಾಟಕ ಆಡಿಸಿದ. ಅದರಲ್ಲಿ ಡಿಯೊನೈಸಸ್ ಪಾತಾಳಕ್ಕೆ ಹೋಗುವ ಪುಕ್ಕಲ. ಹೆದರಿ ಬಟ್ಟೆಯಲ್ಲೇ ಮಾಡಿಕೊಳ್ಳುತ್ತಾನೆ, ಚಾಟಿ ಏಟು ತಿನ್ನುತ್ತಾನೆ. ನಾಟಕ ನಡೆದದ್ದು ಡಿಯೊನೈಸಸ್‌ನ ಹಬ್ಬದಲ್ಲೇ. ಅವನ ಪೂಜಾರಿ ಮುಂದಿನ ಸಾಲಿನಲ್ಲೇ ಕೂತಿದ್ದ. ವೇದಿಕೆಯ ಮೇಲಿನ ದೇವರು ಆ ಪೂಜಾರಿಯನ್ನೇ ಕಾಪಾಡಪ್ಪಾ ಎಂದು ಕೂಗುತ್ತಾನೆ! ಇದಕ್ಕೆ ಹತ್ತು ವರ್ಷ ಹಿಂದೆ, ಕ್ರಿ.ಪೂ. 415ರಲ್ಲಿ, ಅಥೆನ್ಸಿನ ಮನೆ ಬಾಗಿಲು, ಬೀದಿಗಳಲ್ಲಿದ್ದ ಹರ್ಮಿಸ್ ದೇವರ ಕಲ್ಲುಗಳನ್ನು ಯಾರೋ ರಾತ್ರೋರಾತ್ರಿ ಒಡೆದರು. ಊರಿಗೆ ಊರೇ ನಡುಗಿತು. ಕೆಲವರಿಗೆ ಮರಣದಂಡನೆ ಆಯಿತು, ಕೆಲವರು ಊರು ಬಿಟ್ಟರು, ಅವರ ಆಸ್ತಿ ಹರಾಜಾಯಿತು. ದೇವರ ಬಗ್ಗೆ ನಗಬಹುದಿತ್ತು, ದೇವರ ಕಲ್ಲು ಮುಟ್ಟುವಂತಿರಲಿಲ್ಲ.

ಪಾರ್ಥೆನಾನ್ ಒಳಗೆ ಶಿಲ್ಪಿ ಫಿಡಿಯಾಸ್ ಮಾಡಿದ ಅಥೀನಾ ದೇವಿ ಇದ್ದಳು. ಸುಮಾರು 12 ಮೀಟರ್ ಎತ್ತರ, ಮೈಯೆಲ್ಲ ದಂತ ಮತ್ತು ಚಿನ್ನ. ಆ ಚಿನ್ನ 40 ಟ್ಯಾಲೆಂಟ್, ಅಂದರೆ ಒಂದು ಟನ್ ಹತ್ತಿರ. ಅದನ್ನು ಬಿಚ್ಚಬಹುದಿತ್ತು. ಯುದ್ಧ ಬಂದಾಗ ಅಥೆನ್ಸಿನ ನಾಯಕ ಪೆರಿಕ್ಲೀಸ್ ಅದನ್ನೂ ಖಜಾನೆ ಲೆಕ್ಕಕ್ಕೆ ಸೇರಿಸಿದ: ತೀರಾ ಕಷ್ಟ ಬಂದರೆ ಬಳಸೋಣ, ಆಮೇಲೆ ಅಷ್ಟನ್ನೇ ವಾಪಸ್ ಇಡೋಣ ಎಂದ. ಆದರೆ ಅಥೀನಾಳ ದೊಡ್ಡ ಹಬ್ಬದಲ್ಲಿ ಹೆಂಗಸರು ತಿಂಗಳುಗಟ್ಟಲೆ ನೇಯ್ದ ಬಟ್ಟೆ ಈ ಚಿನ್ನದವಳಿಗೆ ಹೋಗುತ್ತಿರಲಿಲ್ಲ. ಪಕ್ಕದ ಗುಡಿಯಲ್ಲಿ ಆಲಿವ್ ಮರದ ಒಂದು ಹಳೇ ಮೂರ್ತಿ ಇತ್ತು, ಆಕಾಶದಿಂದ ಬಿದ್ದದ್ದು ಎಂಬ ನಂಬಿಕೆ. ಉಡಿಸುತ್ತಿದ್ದದ್ದು ಅದಕ್ಕೆ. ಮಾರಮ್ಮನ ಜಾತ್ರೆ ಕಂಡವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಹೆಲೆನ್‌ಳನ್ನೇ ತಗೊಳ್ಳಿ. ಕಾವ್ಯದಲ್ಲಿ ಅವಳು ಗಂಡನನ್ನು ಬಿಟ್ಟು ಟ್ರಾಯ್‌ನ ರಾಜಕುಮಾರ ಪ್ಯಾರಿಸ್ ಜೊತೆ ಹೋದವಳು, ಹತ್ತು ವರ್ಷದ ಯುದ್ಧಕ್ಕೆ ಕಾರಣಳಾದವಳು. ಅವಳ ತವರು ಸ್ಪಾರ್ಟಾದಲ್ಲಿ ಅವಳು ದೇವಿ. ಊರಾಚೆ ಥೆರಾಪ್ನಿಯ ಗುಡ್ಡದ ಮೇಲೆ ಅವಳ ಗುಡಿ. ಇತಿಹಾಸಕಾರ ಹೆರೊಡೊಟಸ್ ಒಂದು ಕಥೆ ಹೇಳುತ್ತಾನೆ. ಸ್ಪಾರ್ಟಾದ ಸಿರಿವಂತರ ಮನೆಯಲ್ಲಿ ಒಂದು ಹೆಣ್ಣು ಮಗು, ನೋಡಲು ಚೆನ್ನಾಗಿರಲಿಲ್ಲ. ಸಾಕುವ ದಾದಿ ಅದನ್ನು ದಿನಾ ಹೆಲೆನ್‌ಳ ಗುಡಿಗೆ ಎತ್ತಿಕೊಂಡು ಹೋಗಿ, ಮೂರ್ತಿಯ ಮುಂದೆ ನಿಂತು, ಚಂದ ಕೊಡಮ್ಮಾ ಎಂದು ಬೇಡುತ್ತಿದ್ದಳು. ಒಂದು ದಿನ ಗುಡಿಯಿಂದ ವಾಪಸ್ ಬರುವಾಗ ಯಾರೋ ಹೆಂಗಸು ಎದುರಾಗಿ, ಕೈಯಲ್ಲಿ ಏನು ಎಂದಳು. ಮಗು ಎಂದಳು ದಾದಿ. ತೋರಿಸು ಎಂದಳು. ಯಾರಿಗೂ ತೋರಿಸಬೇಡ ಎಂದು ಮನೆಯವರು ಹೇಳಿದ್ದಾರೆ, ಆಗೋದಿಲ್ಲ ಎಂದಳು ದಾದಿ. ಆ ಹೆಂಗಸು ಬಿಡಲಿಲ್ಲ. ಕೊನೆಗೆ ತೋರಿಸಿದಾಗ ಮಗುವಿನ ತಲೆ ನೇವರಿಸಿ, ಇವಳು ಸ್ಪಾರ್ಟಾಕ್ಕೇ ಚೆಲುವೆ ಆಗುತ್ತಾಳೆ ಎಂದು ಹೊರಟುಹೋದಳು. ಮುಂದೆ ಆ ಹುಡುಗಿ ಅರಿಸ್ಟನ್ ಎಂಬ ರಾಜನ ಹೆಂಡತಿಯಾದಳು. ಆ ದಾದಿಗೆ ಪ್ಯಾರಿಸ್ ಕಥೆ ಗೊತ್ತಿರಲಿಲ್ಲವೇ? ಗೊತ್ತೇ ಇರುತ್ತದೆ. ಚಂದ ಬೇಡಲು ಹೆಲೆನ್‌ಳಿಗಿಂತ ತಕ್ಕವಳು ಇನ್ಯಾರಿದ್ದಾರೆ?

ಇನ್ನು ಕನ್ನಡದ ವಿಷಯ. ಈಜಿಪ್ಟಿನ ಆಕ್ಸಿರಿಂಕಸ್‌ನಲ್ಲಿ ಪಪೈರಸ್ ಮೇಲೆ ಬರೆದ ಒಂದು ಗ್ರೀಕ್ ಪ್ರಹಸನ ಸಿಕ್ಕಿತು, 1903ರಲ್ಲಿ ಅಚ್ಚಾಯಿತು. ಖಾರಿಟಿಯನ್ ಎಂಬ ಗ್ರೀಕ್ ಹುಡುಗಿ ಭಾರತದ ಕಡಲ ತೀರದ ಗುಡಿಯೊಂದರಲ್ಲಿ ಸೆರೆಯಾಗಿದ್ದಾಳೆ. ಅವಳ ಅಣ್ಣ ಬಂದು, ಅಲ್ಲಿನ ರಾಜನಿಗೂ ಅವನ ಕಡೆಯವರಿಗೂ ಚೆನ್ನಾಗಿ ಕುಡಿಸಿ, ಬಿಡಿಸಿಕೊಂಡು ಹೋಗುತ್ತಾನೆ. ರಾಜನ ಕಡೆಯವರ ಮಾತು ಕನ್ನಡ ಎಂದು ಹುಲ್ಟ್ಜ್ ಎಂಬ ಜರ್ಮನ್ ವಿದ್ವಾಂಸ ಸೂಚಿಸಿದರು. ನಮ್ಮ ಶಾಮಶಾಸ್ತ್ರಿಗಳೂ ಗೋವಿಂದ ಪೈಗಳೂ ಅದರ ಪರ ಬರೆದರು. ಒಪ್ಪದ ವಿದ್ವಾಂಸರೂ ಇದ್ದಾರೆ, ವಾದ ಮುಗಿದಿಲ್ಲ. ಕನ್ನಡ ಇದೆ ಎಂದು ಎದೆ ತಟ್ಟಿ ಹೇಳುವುದಕ್ಕೆ ಆ ಸಾಲುಗಳು ಸಾಲವು ಎಂದೇ ನನ್ನ ಅಭಿಪ್ರಾಯ. ನನಗೆ ಇಷ್ಟವಾದದ್ದು ಬೇರೆ ಒಂದು ಕಡೆ. ಓಡಿಹೋಗುವ ಮೊದಲು ದೇವಿಯ ಕಾಣಿಕೆಗಳನ್ನು ಕದಿಯೋಣ ಅನ್ನುವ ಮಾತು ಬರುತ್ತದೆ. ಹುಡುಗಿ ಬೇಡವೇ ಬೇಡ ಅನ್ನುತ್ತಾಳೆ. ಪರದೇಶದ ಆ ಗುಡಿಯ ದೇವಿಯನ್ನು ನಾಟಕದವರು ಸೆಲೀನಿ ಎಂದು ಕರೆದಿದ್ದಾರೆ. ಗ್ರೀಕರದೇ ಚಂದ್ರದೇವಿಯ ಹೆಸರು ಅದು.