ಕುಣಿತಾನೇ ಇಲ್ದಿದ್ಮೇಲೆ ಅವರ ಹೆಸರು ಯಾಕೆ?

ನಮಸ್ಕಾರ. 'ನಾಟಕದಲ್ಲಿ ಒಂದು ಹೆಜ್ಜೆ ಕುಣಿತ ಇಲ್ಲ, ಆದ್ರೂ ನಿಮ್ಮ ವಿಮರ್ಶೆ ಕೆಳಗೆ ನೃತ್ಯ ನಿರ್ದೇಶನ ಅಂತ ಒಬ್ರ ಹೆಸರು ಹಾಕಿದ್ದೀರಿ, ಅವರು ಮಾಡಿದ್ದಾದ್ರೂ ಏನು, ನಟರಿಗೆ ನಡೆಯೋದು ಕೂರೋದು ಹೇಳ್ಕೊಡೋದು ಡೈರೆಕ್ಟರ್ ಕೆಲಸ ಅಲ್ವಾ' ಅಂತ ಕೇಳಿದ್ದೀರಿ. ಮೊದಲ್ನೇದು, ತಪ್ಪು ನಮ್ದು. ತಂಡದವರು ಬರೆದು ಕೊಟ್ಟಿದ್ದು ಮೂವ್‌ಮೆಂಟ್ ಡೈರೆಕ್ಟರ್ ಅಂತ, ಅದಕ್ಕೆ ಕನ್ನಡದಲ್ಲಿ ಏನು ಹಾಕೋದು ಅಂತ ಹೊಳೀದೆ ನಾವು ನೃತ್ಯ ನಿರ್ದೇಶನ ಅಂತ ಹಾಕ್ಬಿಟ್ವಿ. ಪ್ರೂಫ್ ನೋಡಿದ್ದು ನಾನೇ.

ಕೊರಿಯೋಗ್ರಾಫರ್ ಆದ್ರೆ ಸಾಮಾನ್ಯವಾಗಿ ಹೆಜ್ಜೆ ಕಟ್ಟಿ ಕೊಡ್ತಾರೆ, ಐದನೇ ಎಣಿಕೆಗೆ ಕೈ ಮೇಲೆ ಅಂದ್ರೆ ಪ್ರತಿ ಶೋನಲ್ಲೂ ಐದಕ್ಕೇ ಮೇಲೆ. ಮೂವ್‌ಮೆಂಟ್ ಡೈರೆಕ್ಟರ್ ಹಾಗೆ ಕಟ್ಟಿ ಕೊಡೋದು ಕಮ್ಮಿ, ಪಾತ್ರದ ಮೈ ಹೇಗಿರುತ್ತೆ ಅಂತ ನಟರೇ ಹುಡುಕೋ ಹಾಗೆ ಮಾಡ್ತಾರೆ. ಎರಡೂ ಕೆಲಸ ಒಬ್ರೇ ಮಾಡೋದೂ ಉಂಟು.

ಒಂದ್ಸಲ ರಿಹರ್ಸಲ್ ನೋಡ್ತಾ ಕೂತಿದ್ದೆ. ಇಪ್ಪತ್ತೈದರ ಹುಡುಗಿ, ಎಂಬತ್ತರ ಅಜ್ಜಿ ಪಾತ್ರ. ಎಲ್ರೂ ಮಾಡೋ ಹಾಗೆ ಬೆನ್ನು ಬಗ್ಗಿಸಿ ಕೈ ನಡುಗಿಸಿದ್ಲು. ಮೂವ್‌ಮೆಂಟ್ ನೋಡ್ಕೊಳ್ತಿದ್ದವರು 'ಬೆನ್ನು ಬಿಡಮ್ಮ, ಮಂಡಿ ಮೇಲೆ ನಂಬಿಕೆ ಇಲ್ಲ ಅಂದ್ಕೊಂಡು ಕುರ್ಚಿಯಿಂದ ಏಳು ನೋಡೋಣ' ಅಂದ್ರು ಅಷ್ಟೇ. ಹುಡುಗಿ ಮೊದಲು ಕುರ್ಚಿ ಅಂಚಿಗೆ ಜರುಗಿದ್ಲು, ಪಾದ ಹಿಂದಕ್ಕೆ ಎಳ್ಕೊಂಡು, ತೊಡೆ ಮೇಲೆ ಎರಡೂ ಕೈ ಊರಿ, ಉಸಿರು ಹಿಡಿದು ಎದ್ಲು, ಎದ್ದವಳು ತಕ್ಷಣ ನಡೀಲಿಲ್ಲ, ನೆಲ ಅಲ್ಲೇ ಇದೆ ತಾನೆ ಅಂತ ನೋಡ್ಕೊಳ್ಳೋ ಹಾಗೆ ಒಂಚೂರು ನಿಂತ್ಲು. ಕೈ ನಡುಗಲೇ ಇಲ್ಲ, ಅಜ್ಜಿ ಮಾತ್ರ ಬಂದ್ಬಿಟ್ಲು! ಆಮೇಲೆ ಅದನ್ನೇ ಹತ್ತಾರು ಸಲ ಮಾಡಿಸಿದ್ರು, ನಡುನಡುವೆ ಸೊಂಟ ಹಿಡೀತಿದ್ಯಾ ಅಂತ ಕೇಳ್ತಾ, ಯಾಕಂದ್ರೆ ಎಷ್ಟು ಶೋ ಇದ್ರೂ ಇರೋದು ಅದೊಂದೇ ಮೈ.

ಡೈರೆಕ್ಟರೇ ಮಾಡ್ಬಹುದಲ್ವಾ ಅಂದ್ರೆ, ಮಾಡೋರಿದ್ದಾರೆ. ಆದ್ರೆ ಮೈಯನ್ನ ಓದೋದು ಬೇರೆಯದೇ ವಿದ್ಯೆ. ರುಡಾಲ್ಫ್ ಲಾಬಾನ್ ಅಂತಿದ್ರು, ಮೂಲತಃ ಡ್ಯಾನ್ಸಿನವರು, ಚಲನೆಯನ್ನ ಬರೆದಿಡೋ ಲಿಪಿಯನ್ನ 1928ರಲ್ಲಿ ಪ್ರಕಟಿಸಿದವರು, ಎರಡನೇ ಮಹಾಯುದ್ಧದ ಹೊತ್ತಲ್ಲಿ ಇಂಗ್ಲೆಂಡಿನ ಫ್ಯಾಕ್ಟರಿಗಳಿಗೆ ಹೋಗಿ ಕೆಲಸಗಾರರ ಮೈ ಹೇಗೆ ಆಡುತ್ತೆ ಅಂತ ನೋಡ್ತಾ ನಿಂತವರು. ಭಾರ, ಸಮಯ, ಜಾಗ, ಹರಿವು ಅನ್ನೋ ಅವರ ನಾಲ್ಕು ಮಾತು ಇವತ್ತಿಗೂ ರಿಹರ್ಸಲ್ ರೂಮಲ್ಲಿ ಓಡಾಡ್ತಿವೆ.

ಇನ್ನು 2007ರಲ್ಲಿ ಲಂಡನ್ನಿನ ನ್ಯಾಷನಲ್ ಥಿಯೇಟರಲ್ಲಿ ಬಂದ 'ವಾರ್ ಹಾರ್ಸ್' ತಗೊಳ್ಳಿ. ಒಂದು ದೊಡ್ಡ ಬೊಂಬೆ ಕುದುರೆ, ಅದನ್ನ ಆಡಿಸೋರು ಮೂರು ಜನ, ತಲೆಗೊಬ್ರು, ಎದೆಗೊಬ್ರು, ಹಿಂಗಾಲಿಗೊಬ್ರು, ಮೂವರೂ ಕಣ್ಣೆದುರೇ ಕಾಣ್ತಾರೆ. ಕುದುರೆ ಓಡೋದಕ್ಕಿಂತ ಮುಂಚೆ ಉಸಿರಾಡ್ಬೇಕು, ಮೂವರ ಉಸಿರು ಒಂದಾಗ್ಬೇಕು, ಇಲ್ಲಾಂದ್ರೆ ಅದು ಬರೀ ಬೆತ್ತ, ಬಟ್ಟೆ. ಅಲ್ಲಿ ಮೂವ್‌ಮೆಂಟ್ ಹೊಣೆ ಟೋಬಿ ಸೆಡ್ಜ್‌ವಿಕ್ ಅವರದ್ದು. ಅಲ್ಲೂ ನೀವು ಕುಣಿತ ಎಲ್ಲಿ ಅಂತ ಕೇಳ್ತಿದ್ರೇನೋ!

ತಿದ್ದುಪಡಿ ಮುಂದಿನ ಸಂಚಿಕೆಯಲ್ಲಿ ಹಾಕ್ತೀವಿ. 'ಚಲನೆ ನಿರ್ದೇಶಕರು' ಅಂತ ಹಾಕೋಣ ಅಂದ್ರೆ ನಮ್ಮ ಉಪಸಂಪಾದಕರು ಸಾರಿಗೆ ಇಲಾಖೆ ಹುದ್ದೆ ಥರ ಕೇಳುತ್ತೆ ಅಂತ ನಗ್ತಿದ್ದಾರೆ. ನಿಮಗೇನಾದ್ರೂ ಒಳ್ಳೆ ಪದ ಹೊಳೆದ್ರೆ ಕಳಿಸಿ.

– ಸಂ.