ಜಪಾನ್ ಪ್ರವಾಸದಲ್ಲಿ ಅಡುಗೆ ಕ್ಲಾಸ್: ಸೇರಿ, ಆದರೆ ಮೊದಲ ಎರಡು ಮೂರು ದಿನದಲ್ಲೇ

ನೀವು ಕೇಳಿರುವುದು ಇಷ್ಟು: ಏಪ್ರಿಲ್‌ನಲ್ಲಿ ಹತ್ತು ದಿನ ಜಪಾನಿಗೆ ಹೋಗುತ್ತಿದ್ದೀರಿ. ನೀವಿಬ್ಬರು ಮತ್ತು ಒಂಬತ್ತು ವರ್ಷದ ಮಗಳು. ಮೂವರೂ ಸಸ್ಯಾಹಾರಿಗಳು, ಮೊಟ್ಟೆಯೂ ಇಲ್ಲ. ಕ್ಯೋಟೋದಲ್ಲಿ ಒಂದು ಅಡುಗೆ ಕ್ಲಾಸಿಗೆ ಸೇರಿದರೆ ಉಪಯೋಗ ಇದೆಯಾ, ಇಲ್ಲ ಅರ್ಧ ದಿನವೂ ದುಡ್ಡೂ ದಂಡವಾ ಅಂತ.

ಖಂಡಿತ ಸೇರಿ. ಆದರೆ ಪ್ರವಾಸದ ಕೊನೆಗೆ ಇಟ್ಟುಕೊಳ್ಳಬೇಡಿ. ಮೊದಲ ಎರಡು ಮೂರು ದಿನದೊಳಗೇ ಮುಗಿಸಿ. ಮತ್ತೆ, ದುಡ್ಡು ಕಟ್ಟುವ ಮೊದಲು ಒಂದೇ ಒಂದು ಪ್ರಶ್ನೆ ಕೇಳಿ: ದಾಶಿಯನ್ನು (ಅವರ ಅಡುಗೆಗೆಲ್ಲ ಬುನಾದಿಯಾದ ತಿಳಿ ಕಟ್ಟು) ನಮ್ಮ ಕೈಯಲ್ಲೇ ಮಾಡಿಸುತ್ತೀರಾ, ಯಾವುದರಿಂದ?

ಇದನ್ನು ಇಷ್ಟು ಒತ್ತಿ ಹೇಳಲು ಕಾರಣ ಇದೆ. ನಾನು ಮತ್ತು ನಮ್ಮ ಮನೆಯವರು 2024ರ ಏಪ್ರಿಲ್‌ನಲ್ಲೇ ಹೋಗಿದ್ದೆವು. ಎರಡು ಕ್ಲಾಸಿಗೆ ಹೋದೆವು. ಮೊದಲನೆಯದು ಒಂದು ದೊಡ್ಡ ಊರಿನಲ್ಲಿ. ಇಪ್ಪತ್ತು ಜನ ಇದ್ದೆವು. ಅನ್ನ ಆಗಲೇ ಮಾಡಿಟ್ಟಿದ್ದರು, ಅದಕ್ಕೆ ವಿನೆಗರ್, ಸಕ್ಕರೆ, ಉಪ್ಪು ಬೆರೆಸಿಟ್ಟಿದ್ದರು, ಸೌತೆಕಾಯಿ ಹೆಚ್ಚಿಟ್ಟಿದ್ದರು. ನಾವು ನೋರಿ ಅನ್ನುವ ಕಡಲಕಳೆ ಹಾಳೆಯ ಮೇಲೆ ಅನ್ನ ಹರಡಿ ಸುತ್ತಿದೆವು, ಫೋಟೋ ತೆಗೆದರು, ಮುಗಿಯಿತು. ಸಸ್ಯಾಹಾರಿ ಅಂತ ಬುಕ್ ಮಾಡುವಾಗಲೇ ಬರೆದಿದ್ದೆ. ಆದರೂ ಮಿಸೊ (ಹುಳಿ ಬರಿಸಿದ ಸೋಯಾ ಮುದ್ದೆ) ಸೂಪಿಗೆ ಹಾಕಿದ ಪುಡಿ ಏನು ಅಂತ ಕೇಳಿದಾಗ ಪೊಟ್ಟಣ ತಂದು ತೋರಿಸಿದರು. ಮೀನಿನ ದಾಶಿ ಪುಡಿ. ಅಷ್ಟರಲ್ಲಿ ನಮ್ಮವರು ಅರ್ಧ ಬಟ್ಟಲು ಕುಡಿದಾಗಿತ್ತು. ಅವರ ಮುಖ ನೋಡಲಾಗಲಿಲ್ಲ ನನಗೆ.

ಬೇಕಂತಲೇ ಹೀಗೆ ಮಾಡಿದರು ಅಂತ ನಾನು ಹೇಳುವುದಿಲ್ಲ. ಅಲ್ಲಿ ತುಂಬಾ ಜನರ ಲೆಕ್ಕದಲ್ಲಿ ಮೀನು, ಮಾಂಸದ ತುಂಡು ಕಣ್ಣಿಗೆ ಕಾಣದಿದ್ದರೆ ಅದು ಸಸ್ಯಾಹಾರವೇ. ದಾಶಿ ಅವರಿಗೆ ನೀರಿದ್ದ ಹಾಗೆ. ಬೇಳೆ ಬೇಯಿಸಿದ ಕಟ್ಟು ಇಲ್ಲದೆ ನಮ್ಮ ಕಟ್ಟಿನ ಸಾರು ಇಲ್ಲ ಅಲ್ವಾ, ಹಾಗೇ ದಾಶಿ ಇಲ್ಲದೆ ಅವರ ಸೂಪು, ಪಲ್ಯ, ನೂಡಲ್ಸ್ ಯಾವುದೂ ಇಲ್ಲ. ಸಾಮಾನ್ಯವಾಗಿ ಅದನ್ನು ಮಾಡುವುದು ಕೊಂಬು ಅನ್ನುವ ಒಣಗಿದ ಕಡಲಕಳೆ ಮತ್ತು ಕಾತ್ಸುಒಬುಶಿಯಿಂದ. ಕಾತ್ಸುಒಬುಶಿ ಅಂದರೆ ಹೊಗೆಯಲ್ಲಿಟ್ಟು ಕಟ್ಟಿಗೆಯಷ್ಟು ಗಟ್ಟಿಯಾಗುವವರೆಗೆ ಒಣಗಿಸಿದ ಟ್ಯೂನಾ ಜಾತಿಯ ಮೀನು. ಅದನ್ನು ಹೆರೆದು, ಆ ಹೆರೆಯನ್ನು ಬಿಸಿ ನೀರಿಗೆ ಹಾಕಿ ಸೋಸುತ್ತಾರೆ. ಸೋಸಿದ ಮೇಲೆ ಮೀನು ಎಲ್ಲೂ ಕಾಣುವುದಿಲ್ಲ.

ಎರಡನೆಯ ಕ್ಲಾಸ್ ಕ್ಯೋಟೋದಲ್ಲಿ, ನಿಷಿಕಿ ಮಾರ್ಕೆಟ್‌ನಿಂದ ನಡೆದು ಹೋಗುವಷ್ಟು ದೂರದ ಒಂದು ಹಳೇ ಮನೆಯಲ್ಲಿ. ನಾವು ಒಟ್ಟು ಐದು ಜನ. ಒಬ್ಬರಿಗೆ 8,000 ಯೆನ್, ಆಗಿನ ಲೆಕ್ಕದಲ್ಲಿ ಸುಮಾರು 4,500 ರೂಪಾಯಿ. ಮೂರೂವರೆ ಗಂಟೆ. ಕಲಿಸಿದವರು ಅರವತ್ತು ದಾಟಿದ ಹೆಂಗಸು, ಎಲ್ಲರೂ ಸೆನ್ಸೇ, ಅಂದರೆ ಟೀಚರ್, ಅಂತ ಕರೆಯುತ್ತಿದ್ದೆವು. ಅವರ ಇಂಗ್ಲಿಷ್ ಕಡಿಮೆ, ಕೈ ಮಾತ್ರ ಎಲ್ಲವನ್ನೂ ಹೇಳುತ್ತಿತ್ತು.

ಇದನ್ನು ಆರಿಸಿದ್ದು ಶೋಜಿನ್ ರ್ಯೋರಿ ಅನ್ನುವ ಹೆಸರು ನೋಡಿ. ನೀವೂ ಇದೇ ಹೆಸರು ಹಾಕಿ ಹುಡುಕಿ. ಇದು ಬೌದ್ಧ ಮಠಗಳ ಅಡುಗೆ. ಮೀನು, ಮಾಂಸ, ಮೊಟ್ಟೆ ಇಲ್ಲ. ಈರುಳ್ಳಿ, ಬೆಳ್ಳುಳ್ಳಿ ಕೂಡ ಇಲ್ಲ, ನಮ್ಮ ಕಡೆ ವ್ರತದ ದಿನದ ಅಡುಗೆ ಹೇಗೋ ಹಾಗೆ. ಅಡುಗೆ ಮಾಡುವುದೂ ಸಾಧನೆಯೇ ಅಂತ ನಂಬಿದವರು ಇವರು. ಝೆನ್ ಗುರು ದೋಗೆನ್ 1237ರಲ್ಲೇ ಮಠದ ಅಡುಗೆಯವರಿಗಾಗಿ ಒಂದು ಪುಸ್ತಕ ಬರೆದಿದ್ದರು. ಅಕ್ಕಿ ತೊಳೆಯುವಾಗ ಕಲ್ಲು ಆರಿಸುವುದರಿಂದ ಹಿಡಿದು ಎಲ್ಲವನ್ನೂ ಮನಸ್ಸಿಟ್ಟು ಮಾಡಿ ಅಂತ ಹೇಳುವ ಪುಸ್ತಕ.

ಮೊದಲ ಕೆಲಸವೇ ದಾಶಿ. ಸೆನ್ಸೇ ನಮ್ಮ ಕೈಗೆ ಒಂದೊಂದು ತುಂಡು ಕೊಂಬು ಕೊಟ್ಟರು. ಒಣಗಿದ ತೊಗಲಿನ ಹಾಗೆ ಬಿರುಸು, ಮೇಲೆಲ್ಲ ಬಿಳಿ ಪುಡಿ. ನಾನು ಬೂಸಲು ಅಂದುಕೊಂಡು ನಲ್ಲಿಯ ಕಡೆ ಹೊರಟೆ. ಅವರು ಕೈ ಹಿಡಿದು ನಿಲ್ಲಿಸಿದರು. ಆ ಪುಡಿಯಲ್ಲೇ ರುಚಿ ಇರುವುದು, ತೊಳೆಯಬಾರದು, ಒದ್ದೆ ಬಟ್ಟೆಯಲ್ಲಿ ಸುಮ್ನೆ ಒರೆಸಿದರೆ ಸಾಕು. ಒಂದು ಲೀಟರ್ ನೀರಿಗೆ 10 ಗ್ರಾಂ. ರಾತ್ರಿ ನೆನೆಹಾಕಿ, ಬೆಳಿಗ್ಗೆ ಸಣ್ಣ ಉರಿಯಲ್ಲಿಟ್ಟು, ತಳದಲ್ಲಿ ಸಣ್ಣ ಗುಳ್ಳೆ ಏಳುವಾಗಲೇ ಕೊಂಬು ತೆಗೆದುಬಿಡಬೇಕು. ಕುದಿಸಿದರೆ ನೀರು ಲೋಳೆಯಾಗುತ್ತದೆ, ಕಹಿಯಾಗುತ್ತದೆ. ಒಣ ಶಿಟಾಕೆ ಅಣಬೆಯನ್ನೂ ಹೀಗೇ ತಣ್ಣೀರಿನಲ್ಲಿ ರಾತ್ರಿಯಿಡೀ ನೆನೆಸಿಟ್ಟಿದ್ದರು.

ಆಮೇಲೆ ಎಲ್ಲರ ಮುಂದೆ ನಾಲ್ಕು ಸಣ್ಣ ಲೋಟ ಬಂದವು. ಬರೀ ಬಿಸಿ ನೀರು, ಕೊಂಬು ನೀರು, ಅಣಬೆ ನೀರು, ನಾಲ್ಕನೆಯದರಲ್ಲಿ ಎರಡೂ ಬೆರೆಸಿದ್ದು. ಒಂದರಲ್ಲೂ ಒಂದು ಕಾಳು ಉಪ್ಪಿಲ್ಲ. ಎರಡನೆಯ ಲೋಟ ನನಗೆ ಸಪ್ಪೆ ಅನ್ನಿಸಿತು. ಮೂರನೆಯದರಲ್ಲಿ ಬರೀ ಅಣಬೆ ವಾಸನೆ. ನಾಲ್ಕನೆಯದು ನಾಲಿಗೆಯ ಮೇಲೆ ಹರಡಿದ ರೀತಿಯೇ ಬೇರೆ. ನುಂಗಿದ ಮೇಲೂ ಬಾಯಿತುಂಬಾ ಉಳಿಯಿತು. ಕ್ಯೋಟೋದಲ್ಲೇ ಹುಟ್ಟಿದ ಇಕೆದಾ ಕಿಕುನಾಯೆ ಅನ್ನುವ ವಿಜ್ಞಾನಿ 1908ರಲ್ಲಿ ಕೊಂಬುವಿನಿಂದ ಗ್ಲುಟಮೇಟ್ ಅನ್ನುವ ರುಚಿಯ ಅಂಶ ಬೇರ್ಪಡಿಸಿ, ಆ ರುಚಿಗೆ ಉಮಾಮಿ ಅಂತ ಹೆಸರಿಟ್ಟರು. ಒಣ ಶಿಟಾಕೆಯಲ್ಲಿ ಇರುವುದು ಗ್ವಾನಿಲೇಟ್ ಅನ್ನುವ ಇನ್ನೊಂದು ರುಚಿಯ ಅಂಶ. ಎರಡೂ ಸೇರಿದರೆ ರುಚಿ ಬರೀ ಕೂಡುವುದಿಲ್ಲ, ಹಲವು ಪಟ್ಟು ಏರುತ್ತದೆ. ಮಠದವರು ಮೀನು ಬಿಟ್ಟೂ ರುಚಿ ಬಿಡದೇ ಇದ್ದದ್ದು ಹೀಗೆ. ಈ ನಾಲ್ಕು ಲೋಟಕ್ಕೇ ನಾನು ಕೊಟ್ಟ ದುಡ್ಡು ಸಂದಿತು.

ಏಪ್ರಿಲ್ ಕ್ಯೋಟೋದಲ್ಲಿ ಕಳಲೆಯ ಕಾಲ. ನಾನು ಸಾಗರದ ಕಡೆಯವಳು, ಕಳಲೆ ಅಂದರೆ ಮಳೆಗಾಲ. ಅಲ್ಲಿ ಚೆರ್ರಿ ಹೂವಿನ ಜೊತೆಗೆ ಬರುತ್ತದೆ, ತಾಕೆನೊಕೊ ಅನ್ನುತ್ತಾರೆ. ನಾವು ಕಹಿ ಹೋಗಲಿ ಅಂತ ಹೆಚ್ಚಿ, ದಿನಾ ನೀರು ಬದಲಿಸಿ ಮೂರು ದಿನ ನೆನೆಸಿಡುತ್ತೇವೆ. ಅವರು ಸಿಪ್ಪೆ ಸಮೇತ ಅಕ್ಕಿ ತೌಡು ಮತ್ತು ಒಂದು ಒಣಮೆಣಸಿನಕಾಯಿ ಹಾಕಿ ಸುಮಾರು ಒಂದು ಗಂಟೆ ಬೇಯಿಸಿ, ಅದೇ ನೀರಿನಲ್ಲಿ ಆರಲು ಬಿಡುತ್ತಾರೆ. ನಾವು ಮೂರು ದಿನ ನೆನೆಸುತ್ತೇವೆ ಅಂದಾಗ ಸೆನ್ಸೇ ನೋಟ್‌ಬುಕ್ ತಂದು ಬರೆದುಕೊಂಡರು. ಬೇಯಿಸಿದ ಕಳಲೆಯನ್ನು ತೆಳ್ಳಗೆ ಹೆಚ್ಚಿ, ದಾಶಿ ಹಾಕಿ, ಮಣ್ಣಿನ ಪಾತ್ರೆಯಲ್ಲಿ ಅಕ್ಕಿಯ ಜೊತೆ ಅನ್ನ ಮಾಡಿದೆವು. ತಳ ಹತ್ತಿದ ಕೆಂಪು ಅನ್ನವನ್ನು ಕೆರೆದು ಎಲ್ಲರಿಗೂ ಸಮ ಹಂಚಿದರು. ಅದಕ್ಕೆ ಅವರಲ್ಲಿ ಒಕೊಗೆ ಅಂತ ಪ್ರತ್ಯೇಕ ಹೆಸರೇ ಇದೆ.

ಮಿಸೊ ಸೂಪು, ಎಳ್ಳಿನ ಪುಡಿಯಲ್ಲಿ ಕಲಸಿದ ಪಾಲಕ್ ಬೇಗ ಮುಗಿದವು. ಮಿಸೊವನ್ನು ಒಲೆ ಆರಿಸಿದ ಮೇಲೆ ಕರಗಿಸಬೇಕು, ಮತ್ತೆ ಕುದಿಸಬಾರದು. ನಿಂಬೆಹಣ್ಣಿನ ಸಾರಿಗೆ ಕೊನೆಗೆ ರಸ ಹಿಂಡುತ್ತೇವಲ್ಲ, ಹಾಗೆ.

ಹೆಚ್ಚು ಹೊತ್ತು ಹಿಡಿದದ್ದು ಗೊಮಾ ದೋಫು. ಹೆಸರಿನಲ್ಲಿ ತೋಫು ಇದೆ, ಸೋಯಾ ಇಲ್ಲ. ನುಣ್ಣಗೆ ಅರೆದ ಎಳ್ಳು, ನೀರು, ಮತ್ತೆ ಕುಜು ಅನ್ನುವ ಬಳ್ಳಿಯ ಗೆಡ್ಡೆಯಿಂದ ತೆಗೆದ ಹಿಟ್ಟು. ಎಳ್ಳನ್ನು ಅರೆಯುವುದು ಸುರಿಬಾಚಿಯಲ್ಲಿ. ಅದು ಒಳಗೆಲ್ಲ ಗೀರು ಗೀರು ಇರುವ ಮಣ್ಣಿನ ಬಟ್ಟಲು. ಒಬ್ಬರು ಬಟ್ಟಲು ಹಿಡಿದರೆ ಇನ್ನೊಬ್ಬರು ಮರದ ಕೋಲು ತಿರುಗಿಸಬೇಕು. ಆಮೇಲೆ ಎಲ್ಲವನ್ನೂ ಸೋಸಿ ಒಲೆಯ ಮೇಲಿಟ್ಟು, ಕೈ ಬಿಡದೆ ಮಗುಚಬೇಕು. ಮೊದಲು ಹಾಲಿನ ಹಾಗಿತ್ತು. ಇದ್ದಕ್ಕಿದ್ದಂತೆ ತಳದಲ್ಲಿ ಗಂಟು ಕಟ್ಟಿತು. ಬಿಡದೆ ಮಗುಚಿದಾಗ ಗಂಟು ಕರಗಿ, ಸೌಟಿಗೆ ಭಾರ ಬಂತು, ಹೊಳಪು ಬಂತು, ಪಾತ್ರೆಯ ಅಂಚು ಬಿಡತೊಡಗಿತು. ಸೆನ್ಸೇ ಇನ್ನೂ ಸಾಲದು ಅಂತ ತಲೆಯಾಡಿಸಿದರು. ನನ್ನ ಕೈಗೆ ಆ ಭಾರ ಗೊತ್ತಿತ್ತು. ಚಿಕ್ಕಂದಿನಲ್ಲಿ ಅಜ್ಜಿಯ ಪಕ್ಕ ನಿಂತು ಹಾಲುಬಾಯಿ ಮಗುಚಿದ ಕೈ ಅದು. ತಟ್ಟೆಗೆ ಸುರಿದು, ಆರಿಸಿ, ತುಂಡು ಮಾಡುವುದೂ ಥೇಟ್ ಹಾಗೆಯೇ. ಬೆಲ್ಲದ ಬದಲು ಮೇಲೆ ಎರಡು ಹನಿ ಸೋಯಾ ಸಾಸ್, ಚಿಟಿಕೆ ವಸಾಬಿ ಅನ್ನುವ ಖಾರದ ಹಸಿರು ಮುದ್ದೆ. ಮೊದಲ ತುಂಡು ತಿಂದಾಗ ನನಗೆ ಮಾತೇ ಹೊರಡಲಿಲ್ಲ. ಮನೆಗೆ ಬಂದ ಮೇಲೆ ಕುಜು ಬದಲು ಆರಾರೂಟ್ ಹಾಕಿ ಎಷ್ಟೋ ಸಲ ಮಾಡಿದ್ದೇನೆ. ಅಷ್ಟು ನಯ ಬರುವುದಿಲ್ಲ, ಆದರೂ ಚೆನ್ನಾಗಿರುತ್ತದೆ.

ಈಗ, ಮೊದಲ ದಿನಗಳಲ್ಲೇ ಯಾಕೆ ಅಂದೆ ಅನ್ನುವುದು. ಹೊರಡುವಾಗ ಸೆನ್ಸೇ ಒಂದು ಚೀಟಿಯಲ್ಲಿ ದಾಶಿಗೆ ಹಾಕುವ ಆ ಮೀನಿನ ಹೆಸರು ಕಾತ್ಸುಒ ಅಂತ ಅವರ ಲಿಪಿಯಲ್ಲಿ, ಮೂರು ಬೇರೆ ಬೇರೆ ರೀತಿಯಲ್ಲಿ ಬರೆದುಕೊಟ್ಟರು. ಆಮೇಲಿನ ಆರು ದಿನ ನಾವು ಅಂಗಡಿಯಲ್ಲಿ ಯಾವ ಪೊಟ್ಟಣ ಎತ್ತಿಕೊಂಡರೂ ಆ ಚೀಟಿ ಪಕ್ಕದಲ್ಲಿಟ್ಟು ಹೊಂದಿಸಿ ನೋಡಿದೆವು. ಸೋಬಾ, ಉದೋನ್ ಅನ್ನುವ ನೂಡಲ್ಸ್‌ಗಳ ಸಾರಿನಲ್ಲಿ, ತೆಂಪುರಾ (ಅವರ ಬಜ್ಜಿ) ಅದ್ದುವ ರಸದಲ್ಲಿ, ಎಷ್ಟೋ ಉಪ್ಪಿನಕಾಯಿಗಳಲ್ಲಿ ಕೂಡ ಅದು ಸಿಕ್ಕಿತು. ಹೋಟೆಲಿನಲ್ಲಿ ಕೇಳಲು ಎರಡು ವಾಕ್ಯ ಕಲಿಸಿದರು: "ನಿಕು ತೊ ಸಾಕಾನಾ ವಾ ತಾಬೆಮಾಸೆನ್", ಅಂದರೆ ಮಾಂಸ, ಮೀನು ತಿನ್ನುವುದಿಲ್ಲ. "ಕಾತ್ಸುಒ ದಾಶಿ ಮೊ ದಾಮೆ ದೆಸ್", ಅಂದರೆ ಮೀನಿನ ದಾಶಿಯೂ ಆಗದು. ಎರಡನೆಯದನ್ನು ಮರೆಯಬೇಡಿ, ಮೊದಲನೆಯದು ಒಂದೇ ಸಾಲುವುದಿಲ್ಲ. ಕ್ಲಾಸನ್ನು ಕೊನೆಯ ದಿನಕ್ಕೆ ಇಟ್ಟುಕೊಂಡಿದ್ದರೆ ಇದೆಲ್ಲ ವಿಮಾನ ಹತ್ತುವಾಗ ಗೊತ್ತಾಗುತ್ತಿತ್ತು.

ಬುಕ್ ಮಾಡುವಾಗ ಇನ್ನೂ ಕೆಲವು ಮಾತು ಕೇಳಿಕೊಳ್ಳಿ. ಎಷ್ಟು ಜನ ಇರುತ್ತಾರೆ? ಆರಕ್ಕಿಂತ ಜಾಸ್ತಿ ಇದ್ದರೆ ನಿಮ್ಮ ಕೈಗೆ ಕೆಲಸ ಬರುವುದು ಕಡಿಮೆ. ಮಿರಿನ್ ಹಾಕುತ್ತಾರಾ? ಅದು ಅಕ್ಕಿಯಿಂದ ಮಾಡುವ ಸಿಹಿ ಮದ್ಯ, ಸುಮಾರು 14 ಶೇಕಡಾ ಆಲ್ಕೋಹಾಲ್ ಇರುತ್ತದೆ. ಬೇಡದಿದ್ದರೆ ಮೊದಲೇ ಹೇಳಿ. ಸೋಯಾ ಸಾಸಿನಲ್ಲಿ ಸಾಮಾನ್ಯವಾಗಿ ಗೋಧಿ ಇರುತ್ತದೆ, ಯಾರಿಗಾದರೂ ಆಗದಿದ್ದರೆ ಅದನ್ನೂ ಹೇಳಿ. ಚೆರ್ರಿ ಹೂವಿನ ಸಮಯದಲ್ಲಿ ಕ್ಯೋಟೋ ತುಂಬಿ ತುಳುಕುತ್ತದೆ, ಹಾಗಾಗಿ ಈಗಲೇ ಬರೆಯಿರಿ. ಹತ್ತು ನಿಮಿಷ ಮೊದಲೇ ತಲುಪಿ. ಚಪ್ಪಲಿ ಬಿಟ್ಟು ಒಳಗೆ ಹೋಗಬೇಕು, ಒಳ್ಳೇ ಕಾಲುಚೀಲ ಇರಲಿ. ಟಿಪ್ಸ್ ಕೊಡುವ ರೂಢಿ ಅಲ್ಲಿಲ್ಲ. ನಾವು ಒಂದು ಪೊಟ್ಟಣ ಏಲಕ್ಕಿ ಕೊಟ್ಟೆವು, ಅವರು ಎರಡೂ ಕೈಯಲ್ಲಿ ತೆಗೆದುಕೊಂಡರು.

ಇನ್ನು ಮಗಳ ವಿಷಯ. ಮೂರೂವರೆ ಗಂಟೆ ಒಲೆಯ ಮುಂದೆ ನಿಲ್ಲುವುದು ಒಂಬತ್ತು ವರ್ಷದ ಮಗುವಿಗೆ ಕಷ್ಟ. ಚಿಕ್ಕ ಮಕ್ಕಳನ್ನು ಸೇರಿಸದ ಕ್ಲಾಸುಗಳೂ ಇವೆ, ವಯಸ್ಸು ಬರೆದೇ ಕೇಳಿ. ಅವಳಿಗೆ ನೆರಿಕಿರಿ ಅನ್ನುವ ಸಿಹಿ ತಿಂಡಿಯ ಕ್ಲಾಸ್ ನೋಡಿ. ಹೆಚ್ಚಾಗಿ ಒಂದು, ಒಂದೂವರೆ ಗಂಟೆಯಲ್ಲಿ ಮುಗಿಯುತ್ತದೆ. ಬಿಳಿ ಅವರೆ ಜಾತಿಯ ಕಾಳನ್ನು ಬೇಯಿಸಿ ಸಕ್ಕರೆ ಹಾಕಿ ಕಾಯಿಸಿದ ಹೂರಣವೇ ಅದರಲ್ಲಿ ಮುಖ್ಯ. ಅದಕ್ಕೆ ಬಣ್ಣ ಕಲಸಿ, ಬೆರಳಿನಲ್ಲೇ ಹೂವು ಮಾಡುತ್ತಾರೆ. ವಸಂತದಲ್ಲಿ ಚೆರ್ರಿ ಹೂವು ಮಾಡಿಸುತ್ತಾರೆ. ಮೀನಿನ ಭಯ ಇಲ್ಲ. ಒಬ್ಬಟ್ಟಿನ ಹೂರಣ ಉಂಡೆ ಕಟ್ಟಿದ ಮಗುವಾದರೆ ಸೆನ್ಸೇ ತೋರಿಸುವ ಮೊದಲೇ ಅವಳ ಕೈ ಹೊರಡುತ್ತದೆ.

ನೀವು ಯಾವ ದಿನ ಕ್ಯೋಟೋದಲ್ಲಿ ಇರುತ್ತೀರಿ ಅಂತ ಕೆಳಗೆ ಬರೆಯಿರಿ. ಕ್ಲಾಸಿನವರಿಗೆ ನಾನು ಕಳಿಸಿದ್ದ ಪತ್ರದ ಒಕ್ಕಣೆಯನ್ನು ಇಲ್ಲೇ ಹಾಕುತ್ತೇನೆ, ಹೆಸರು ಬದಲಿಸಿ ಕಳಿಸಿದರೆ ಆಯಿತು.