ಸಿಮ್ ರೇಸಿಂಗ್‌ನಲ್ಲಿ (ನಿಜದ ರೇಸಿನಂತೆಯೇ ಕಾರು ಓಡಿಸುವ ಕಂಪ್ಯೂಟರ್ ಆಟದಲ್ಲಿ) ಹಳೆಯ ಫಾರ್ಮುಲಾ ಒನ್ ಕಾರು ತಿರುವು ದಾಟಿದ ಮೇಲೆ ಏಕೆ ಎಳೆಯುವುದಿಲ್ಲ?

ಸಿಂಧನೂರಿನ ಭತ್ತದ ಗದ್ದೆಯಲ್ಲಿ ಟ್ರ್ಯಾಕ್ಟರ್ ನಿಮಿಷಕ್ಕೆ ಸುಮಾರು 2,000 ಸುತ್ತಿನಲ್ಲೇ ಕೆಸರು ಸೀಳಿಕೊಂಡು ಹೋಗುವುದನ್ನು ನೋಡಿ ಬೆಳೆದವರು ನಾವು. ಫಾರ್ಮುಲಾ ಒನ್‌ನಲ್ಲಿ 2009ರಲ್ಲಿ ನಿಮಿಷಕ್ಕೆ 18,000 ಸುತ್ತಿಗೆ ಮಿತಿಗೊಳಿಸಿದ ವಿ8 (ಎಂಟು ಸಿಲಿಂಡರಿನ) ಎಂಜಿನ್‌ನ ಸ್ವಭಾವ ಅದಕ್ಕೆ ತೀರ ವಿರುದ್ಧವಾದುದು. ಅದರ ಶಕ್ತಿ ಸುತ್ತುಗಳ ಮೇಲ್ತುದಿಯಲ್ಲೇ ಇರುವುದರಿಂದ, ಎತ್ತರದ ಗೇರ್‌ನಲ್ಲಿ ತಿರುವು ದಾಟಿದರೆ ಕಾರು ನೇರ ದಾರಿಯ ಅರ್ಧದವರೆಗೂ ಮಂಕಾಗಿರುತ್ತದೆ.

ಆದ್ದರಿಂದ ತಿರುವಿಗೆ ಮೊದಲೇ ಗೇರ್ ಇಳಿಸಿ, ಆದರೆ ಆತುರ ಬೇಡ. ಬ್ರೇಕ್ ತುಳಿದ ಕೂಡಲೇ ಪಟಪಟನೆ ಇಳಿಸಿದರೆ, ವೇಗ ಇನ್ನೂ ತಗ್ಗದಿರುವಾಗ ಎಂಜಿನ್‌ನ ತಡೆಯಿಂದ ಹಿಂದಿನ ಚಕ್ರಗಳು ಹಿಡಿತ ಕಳೆದುಕೊಂಡು ಕಾರು ಗಿರಕಿ ಹೊಡೆಯುತ್ತದೆ. ನನಗೆ ಇದೇ ಅತಿ ಕಷ್ಟದ ಪಾಠವಾಗಿತ್ತು. ಪ್ರತಿ ಇಳಿಕೆಗೂ ಎಂಜಿನ್‌ನ ಸದ್ದು ತುಸು ತಗ್ಗುವವರೆಗೆ ಕಾಯಿರಿ. ಹೊರಬರುವಾಗ ಸ್ಟೀರಿಂಗ್ ನೇರವಾದಷ್ಟೇ ಆಕ್ಸಿಲರೇಟರ್ ಒತ್ತಿ, ಮಿತಿಗೆ ತಾಗುವ ಮುನ್ನ ಗೇರ್ ಏರಿಸಿ.